ಕಾಲಕ್ಕೆ ಕೈ ಹಾಕಬೇಡಿ ಎಂದವರು

ಪ್ರಶ್ನೆ: ನಾನೊಂದು ವೈಜ್ಞಾನಿಕ ಕಾದಂಬರಿ ಬರೆಯುತ್ತಿದ್ದೇನೆ. ಅದರಲ್ಲಿ ಕಾಲವನ್ನು ಹಿಗ್ಗಿಸುವ, ಕುಗ್ಗಿಸುವ, ಬೇಡದ ದಿನಗಳನ್ನು ಕಿತ್ತುಹಾಕುವ ಹೊಸ ವಿದ್ಯೆ ಬಂದಿದೆ. ಬೆಟ್ಟದ ಮೇಲಿನ ಒಂದು ಹಳೇ ಮಠ ಅದನ್ನು ವಿರೋಧಿಸುತ್ತದೆ. ಕರಡು ಓದಿದ ಗೆಳೆಯರು "ಈ ಮಠದವರು ಸುಮ್ನೆ ಹಠ ಹಿಡಿದಿದ್ದಾರೆ, ಅವರ ಮಾತಲ್ಲಿ ಹುರುಳೇ ಇಲ್ಲ" ಎನ್ನುತ್ತಾರೆ. ಕಾಲದ ವಿಷಯಕ್ಕೆ ಹೀಗೆ ಎದುರು ನಿಂತ ಪಂಥಗಳು ನಿಜವಾಗಿಯೂ ಇದ್ದವೇ? ಅವರು ಏನು ವಾದಿಸುತ್ತಿದ್ದರು? ನನ್ನ ಮಠಕ್ಕೆ ಜೀವ ಬರಬೇಕಾದರೆ ಏನು ಮಾಡಲಿ?

ಉತ್ತರ: ಇದ್ದವು. ಈಗಲೂ ಇವೆ. ನಿಮ್ಮ ಕರಡು ನಾನು ನೋಡಿಲ್ಲ. ಆದರೆ ಗೆಳೆಯರ ಮಾತು ಕೇಳಿದರೆ ತೊಂದರೆ ಎಲ್ಲಿದೆ ಎಂದು ಊಹಿಸಬಹುದು. ನಿಮ್ಮ ಮಠದವರು ಬಹುಶಃ "ಹೊಸ ಲೆಕ್ಕ ತಪ್ಪು" ಎಂದು ವಾದಿಸುತ್ತಿದ್ದಾರೆ. ಹೊಸ ವಿದ್ಯೆ ಕೆಲಸ ಮಾಡುತ್ತದೆ ಎಂದು ಓದುಗರಿಗೆ ಗೊತ್ತಿರುವಾಗ ಆ ವಾದ ನಿಲ್ಲುವುದಿಲ್ಲ. ಚರಿತ್ರೆಯಲ್ಲಿ ಕಾಲದ ಸುಧಾರಣೆಯನ್ನು ಗಟ್ಟಿಯಾಗಿ ಎದುರಿಸಿದವರು ಲೆಕ್ಕದ ಬಗ್ಗೆ ಜಗಳ ಆಡಿದ್ದು ಕಡಿಮೆ. ಲೆಕ್ಕ ಅವರಿಗೂ ಚೆನ್ನಾಗಿ ಬರುತ್ತಿತ್ತು. ಅವರು ಕೇಳಿದ ಪ್ರಶ್ನೆ ಎಂದರೆ, ಎಲ್ಲರಿಗೂ ಸೇರಿದ ಕಾಲವನ್ನು ನೀವು ಯಾರನ್ನು ಕೇಳಿ ಬದಲಿಸಿದಿರಿ? ಬದಲಿಸಿದ ಮೇಲೆ ಯಾವುದು ಮುರಿದುಬಿತ್ತು, ನೋಡಿದಿರಾ?

ನಿಮ್ಮ ಕಥೆಗೆ ಹತ್ತಿರವಾದ ನಿಜ ಪ್ರಸಂಗ ಗ್ರೀಸ್ ದೇಶದ್ದು. ಅಲ್ಲಿ ಬೆಟ್ಟವೂ ಇದೆ, ಮಠಗಳೂ ಇವೆ, ಕಿತ್ತುಹಾಕಿದ ದಿನಗಳೂ ಇವೆ. ಅದಕ್ಕೇ ಅಲ್ಲಿ ಸ್ವಲ್ಪ ಹೊತ್ತು ನಿಲ್ಲೋಣ.

ಮೊದಲು ಹಿನ್ನೆಲೆ. ಜೂಲಿಯಸ್ ಸೀಸರ್ ಕಾಲದ ಕ್ಯಾಲೆಂಡರಿನಲ್ಲಿ ವರ್ಷಕ್ಕೆ 365.25 ದಿನ. ಋತುಗಳ ನಿಜವಾದ ವರ್ಷ ಅದಕ್ಕಿಂತ ಸುಮಾರು 11 ನಿಮಿಷ ಚಿಕ್ಕದು. 11 ನಿಮಿಷ ಏನು ಮಹಾ ಅನ್ನಿಸುತ್ತದೆ. ಆದರೆ 128 ವರ್ಷಕ್ಕೆ ಒಂದು ದಿನ ಜಾರುತ್ತದೆ. ಹದಿನಾರನೇ ಶತಮಾನದ ಹೊತ್ತಿಗೆ ಮಾರ್ಚ್ 21ಕ್ಕೆ ಬರಬೇಕಾದ ವಿಷುವ, ಅಂದರೆ ಹಗಲು ರಾತ್ರಿ ಸಮ ಇರುವ ದಿನ, ಮಾರ್ಚ್ 11ಕ್ಕೆ ಬಂದು ಕೂತಿತ್ತು. ಈಸ್ಟರ್ ಹಬ್ಬದ ಲೆಕ್ಕ ನಿಂತಿರುವುದೇ ಆ ದಿನದ ಮೇಲೆ. ಹಾಗಾಗಿ ಪೋಪ್ ಹದಿಮೂರನೇ ಗ್ರೆಗರಿ 1582ರಲ್ಲಿ ಆಜ್ಞೆ ಹೊರಡಿಸಿದರು. ಆ ವರ್ಷ ಅಕ್ಟೋಬರ್ 4, ಗುರುವಾರ. ಮಾರನೇ ದಿನ ಶುಕ್ರವಾರವೇ, ಆದರೆ ತಾರೀಖು 15. ನಡುವಿನ ಹತ್ತು ದಿನ ಹೋಯಿತು. ನೂರರ ವರ್ಷಗಳಲ್ಲಿ 400ರಿಂದ ಭಾಗವಾಗುವವು ಮಾತ್ರ ಅಧಿಕ ವರ್ಷ ಎಂಬ ಹೊಸ ನಿಯಮವೂ ಬಂತು. ಅಲೋಯ್ಸಿಯಸ್ ಲಿಲಿಯಸ್ ಎಂಬ ವೈದ್ಯ ಹಾಕಿಕೊಟ್ಟ ಲೆಕ್ಕ ಅದು. ಸಮರ್ಥಿಸಿ ನಿಲ್ಲಿಸಿದವರು ಜೆಸ್ವಿಟ್ ಗಣಿತಜ್ಞ ಕ್ರಿಸ್ಟೋಫರ್ ಕ್ಲಾವಿಯಸ್.

ಲೆಕ್ಕ ಸೊಗಸಾಗಿದೆ. ಆದರೆ ಹೇಳಿದವರು ಪೋಪ್. ಅವರ ಮಾತನ್ನು ಒಪ್ಪದ ಊರುಗಳಲ್ಲಿ ಅದೇ ದೊಡ್ಡ ತಕರಾರಾಯಿತು. ಜರ್ಮನಿಯ ಆಗ್ಸ್‌ಬರ್ಗ್ ಪಟ್ಟಣದಲ್ಲಿ ಕ್ಯಾಥೊಲಿಕರೂ ಪ್ರಾಟೆಸ್ಟೆಂಟರೂ ಜೊತೆಗೆ ಬದುಕುತ್ತಿದ್ದರು. ಅಲ್ಲಿ ಇದೇ ವಿಷಯಕ್ಕೆ 1584ರಲ್ಲಿ ಗಲಭೆಯಾಯಿತು. ಕಾನ್‌ಸ್ಟಾಂಟಿನೋಪಲ್‌ನ ಆರ್ಥಡಾಕ್ಸ್ (ಪೋಪ್ ಅಧಿಕಾರ ಒಪ್ಪದ ಪೂರ್ವದ ಕ್ರೈಸ್ತ ಪಂಥ) ಧರ್ಮಾಧ್ಯಕ್ಷ ಎರಡನೇ ಜೆರೆಮಿಯಾಸ್ 1583ರಲ್ಲೇ ಹೊಸ ಕ್ಯಾಲೆಂಡರನ್ನು ತಳ್ಳಿಹಾಕಿದರು. ಆ ತೀರ್ಮಾನ ಮುನ್ನೂರು ವರ್ಷಕ್ಕೂ ಹೆಚ್ಚು ಕಾಲ ಉಳಿಯಿತು.

ಇನ್ನು ಗ್ರೀಸ್. 1922ರಲ್ಲಿ ಗ್ರೀಕರು ಏಷ್ಯಾ ಮೈನರ್‌ನಲ್ಲಿ (ಇಂದಿನ ಟರ್ಕಿ) ಯುದ್ಧ ಸೋತರು. ಲಕ್ಷಾಂತರ ನಿರಾಶ್ರಿತರು ದೇಶಕ್ಕೆ ಬಂದರು. ಆ ಗಾಯ ಇನ್ನೂ ಹಸಿಯಾಗಿರುವಾಗಲೇ, 1923ರಲ್ಲಿ, ಸರ್ಕಾರ ತನ್ನ ವ್ಯವಹಾರಕ್ಕೆ ಹೊಸ ಕ್ಯಾಲೆಂಡರ್ ತಂದಿತು. ಫೆಬ್ರವರಿ 15ರ ಮಾರನೇ ದಿನ ಮಾರ್ಚ್ 1. ಈಗ ಸರ್ಕಾರದ ತಾರೀಖು ಒಂದು, ಚರ್ಚಿನ ತಾರೀಖು ಇನ್ನೊಂದು. ಗ್ರೀಕರಿಗೆ ಮಾರ್ಚ್ 25 ಮಂಗಳವಾರ್ತೆಯ (ಏಸು ಹುಟ್ಟುವ ಸುದ್ದಿ ಮರಿಯಳಿಗೆ ಬಂದ ದಿನದ) ಹಬ್ಬವೂ ಹೌದು, ಸ್ವಾತಂತ್ರ್ಯದ ಹಬ್ಬವೂ ಹೌದು. ಎರಡು ತಾರೀಖು ಪದ್ಧತಿ ಇದ್ದರೆ ಅದನ್ನು ಯಾವ ದಿನ ಮಾಡುವುದು? ಗೊಂದಲ ನಿಜವಾದದ್ದೇ.

ಅದೇ ವರ್ಷ ಕಾನ್‌ಸ್ಟಾಂಟಿನೋಪಲ್‌ನಲ್ಲಿ ಧರ್ಮಾಧ್ಯಕ್ಷ ನಾಲ್ಕನೇ ಮೆಲೆಟಿಯೋಸ್ ಒಂದು ಸಭೆ ಕರೆದರು. ಸೆರ್ಬಿಯಾದ ವಿಜ್ಞಾನಿ ಮಿಲುಟಿನ್ ಮಿಲಾಂಕೊವಿಚ್ ಅಲ್ಲಿ ಒಂದು ಹೊಸ ಲೆಕ್ಕ ಮುಂದಿಟ್ಟರು. ಹಿಮಯುಗಗಳ ಸಿದ್ಧಾಂತದಿಂದ ಹೆಸರಾದವರೇ ಅವರು. ಅವರ ಲೆಕ್ಕ ಪೋಪ್‌ನ ಕ್ಯಾಲೆಂಡರಿಗಿಂತಲೂ ನಿಖರ. ನೂರರ ವರ್ಷವನ್ನು 900ರಿಂದ ಭಾಗಿಸಿದಾಗ ಶೇಷ 200 ಅಥವಾ 600 ಬಂದರೆ ಮಾತ್ರ ಅಧಿಕ ವರ್ಷ. ಹೀಗಾಗಿ 2800ನೇ ಇಸವಿಯವರೆಗೂ ಅದು ಪೋಪ್‌ನ ಕ್ಯಾಲೆಂಡರಿನ ಜೊತೆಗೇ ನಡೆಯುತ್ತದೆ. ಪೋಪ್‌ನ ಹೆಸರು ಹೇಳದೆ ಅದೇ ತಾರೀಖಿಗೆ ಬಂದು ಸೇರುವ ದಾರಿ ಅದು. ಆದರೆ ಆ ಸಭೆಗೆ ಅಲೆಕ್ಸಾಂಡ್ರಿಯ, ಆಂಟಿಯೋಕ್, ಜೆರುಸಲೇಮ್ ಎಂಬ ಮೂರು ಪುರಾತನ ಪೀಠಗಳಿಂದ ಯಾರೂ ಬಂದಿರಲಿಲ್ಲ. ಹಾಗಿದ್ದರೂ ಗ್ರೀಸ್ ಚರ್ಚು 1924ರ ಮಾರ್ಚ್ 10ನ್ನು ಮಾರ್ಚ್ 23 ಎಂದು ಘೋಷಿಸಿತು. ಹದಿಮೂರು ದಿನ ಹೋಯಿತು.

ಇಲ್ಲಿ ಒಂದು ವಿಷಯ ಗಮನಿಸಿ, ನಿಮಗೆ ಬೇಕಾಗುತ್ತದೆ. ಈಸ್ಟರನ್ನು ಮಾತ್ರ ಯಾರೂ ಮುಟ್ಟಲಿಲ್ಲ. ಅದು ಹಳೇ ಲೆಕ್ಕದಲ್ಲೇ ಉಳಿಯಿತು. ಬದಲಾದದ್ದು ಕ್ರಿಸ್ಮಸ್‌ನಂಥ ತಾರೀಖು ನಿಗದಿಯಾದ ಹಬ್ಬಗಳು. ಎಲ್ಲರಿಗೂ ಒಪ್ಪಿಗೆಯಾಗಲಿ ಎಂದು ಮಾಡಿದ ರಾಜಿ ಇದು. ಆದರೆ ನೆಯ್ದ ಬಟ್ಟೆಯಲ್ಲಿ ಹಾಸು ಹಾಗೇ ಬಿಟ್ಟು ಹೊಕ್ಕು ಮಾತ್ರ ಎಳೆದ ಹಾಗಾಯಿತು. ಹೇಗೆ ಅನ್ನುತ್ತೀರಾ? ಆರ್ಥಡಾಕ್ಸ್ ಜನರಿಗೆ ಅಪೊಸ್ತಲರ ಉಪವಾಸ ಎಂಬ ವ್ರತ ಇದೆ. ಅದು ಶುರುವಾಗುವುದು ಈಸ್ಟರಿನ ಲೆಕ್ಕದ ಮೇಲೆ. ಈಸ್ಟರ್ ಆಗಿ ಐವತ್ತನೇ ದಿನದ ಹಬ್ಬ, ಅದಾದ ಮೇಲೆ ಒಂದು ವಾರ ಬಿಟ್ಟು ಬರುವ ಸೋಮವಾರದಿಂದ. ಮುಗಿಯುವುದು ಪೇತ್ರ ಪೌಲರ ಹಬ್ಬಕ್ಕೆ, ಅಂದರೆ ಜೂನ್ 29ಕ್ಕೆ. ಶುರು ಹಳೇ ಲೆಕ್ಕದಲ್ಲಿ, ಕೊನೆ ಹೊಸ ಲೆಕ್ಕದಲ್ಲಿ. ನಡುವೆ ಹದಿಮೂರು ದಿನ ಕಡಿಮೆ. ಹಳೇ ಪದ್ಧತಿಯಲ್ಲಿ ಈ ಉಪವಾಸ ಕಡಿಮೆ ಎಂದರೂ ಎಂಟು ದಿನ ಇರುತ್ತದೆ. ಹೊಸ ಪದ್ಧತಿಯಲ್ಲಿ ಕೆಲವು ವರ್ಷ ಅದು ಇರುವುದೇ ಇಲ್ಲ. 2024ರಲ್ಲಿ ಆರ್ಥಡಾಕ್ಸ್ ಈಸ್ಟರ್ ಮೇ 5ಕ್ಕೆ ಬಂತು. ಲೆಕ್ಕ ಹಾಕಿ ನೋಡಿ. ಉಪವಾಸ ಜುಲೈ 1ಕ್ಕೆ ಶುರುವಾಗಬೇಕು, ಜೂನ್ 29ಕ್ಕೆ ಮುಗಿದಿರಬೇಕು. ಶುರುವಾಗುವ ಮೊದಲೇ ಮುಗಿದುಹೋಯಿತು.

ಇದು ಮೂಢನಂಬಿಕೆಯ ಮಾತಾ? ಖಂಡಿತ ಅಲ್ಲ. ಹಳೇ ಕ್ಯಾಲೆಂಡರಿನ ಪಕ್ಷದವರು ಬೆರಳಿಟ್ಟು ತೋರಿಸಿದ ಗಟ್ಟಿ ಲೋಪ ಇದು. "ನಿಮ್ಮ ಲೆಕ್ಕ ಸೂರ್ಯನಿಗೆ ಸರಿ ಇರಬಹುದು. ಆದರೆ ನಮ್ಮ ವರ್ಷದಲ್ಲಿ ಹಬ್ಬ, ವ್ರತ, ಉಪವಾಸ ಒಂದಕ್ಕೊಂದು ಕೊಂಡಿ ಹಾಕಿಕೊಂಡಿವೆ. ಒಂದನ್ನು ಎಳೆದರೆ ಇನ್ನೊಂದು ಕಳಚುತ್ತದೆ" ಎಂಬುದು ಅವರ ವಾದದ ತಿರುಳು. ಇನ್ನೊಂದು ಉದಾಹರಣೆ. ಮಂಗಳವಾರ್ತೆಯ ಹಬ್ಬವೂ ಈಸ್ಟರೂ ಒಂದೇ ದಿನ ಬರುವುದು ಬಹಳ ಅಪರೂಪ. ಹಳೇ ಲೆಕ್ಕದವರಿಗೆ 1991ರಲ್ಲಿ ಹಾಗೆ ಬಂತು. ಹೊಸ ಲೆಕ್ಕದವರಿಗೆ ಅದು ಬರುವ ಸಾಧ್ಯತೆಯೇ ಇಲ್ಲ. ಅವರ ಈಸ್ಟರ್ ಈಗ ಏಪ್ರಿಲ್ 4ಕ್ಕಿಂತ ಮುಂಚೆ ಬರುವುದಿಲ್ಲವಲ್ಲ.

ಎದುರು ನಿಂತವರು ಯಾರು? ಇದೂ ಮುಖ್ಯ. ಮೊದಲ ಹತ್ತು ವರ್ಷ ಅವರ ಜೊತೆ ಒಬ್ಬ ಬಿಷಪ್ಪೂ ಇರಲಿಲ್ಲ. ಸಾಮಾನ್ಯ ಜನ, ಹಳ್ಳಿಯ ಹೆಂಗಸರು, ಕೆಲವು ಪಾದ್ರಿಗಳು, ಮತ್ತು ಮಠಗಳ ನೆಲೆಯಾದ ಏಥೋಸ್ ಬೆಟ್ಟದಿಂದ ಇಳಿದು ಬಂದ ಸನ್ಯಾಸಿಗಳು. ಸರ್ಕಾರ ಪೊಲೀಸರನ್ನು ಕಳಿಸಿತು. ಪಾದ್ರಿಗಳನ್ನು ಹಿಡಿದು, ಗಡ್ಡ ಬೋಳಿಸಿ, ನಿಲುವಂಗಿ ಕಿತ್ತುಕೊಂಡರು. 1925ರ ಸೆಪ್ಟೆಂಬರ್‌ನಲ್ಲಿ, ಹಳೇ ಲೆಕ್ಕದ 14ನೇ ತಾರೀಖು, ಶಿಲುಬೆಯ ಹಬ್ಬದ ರಾತ್ರಿ. ಏಥೆನ್ಸ್ ಪಕ್ಕದ ಹಿಮೆಟ್ಟಸ್ ಬೆಟ್ಟದ ಚಿಕ್ಕ ಗುಡಿಯೊಂದರಲ್ಲಿ ಜನ ಸೇರಿದ್ದರು. ಪಾದ್ರಿಯನ್ನು ಹಿಡಿಯಲು ಪೊಲೀಸರೂ ಬಂದಿದ್ದರು. ಆಕಾಶದಲ್ಲಿ ಬೆಳಕಿನ ಶಿಲುಬೆ ಕಂಡಿತು ಎಂದು ಅಲ್ಲಿದ್ದವರು ಸಾಕ್ಷಿ ಹೇಳಿದರು. ಹಳೇ ಪಂಥದವರ ನೆನಪಿನಲ್ಲಿ ಆ ರಾತ್ರಿಗೆ ಇಂದಿಗೂ ದೊಡ್ಡ ಜಾಗ ಇದೆ. 1927ರಲ್ಲಿ ಮಂದ್ರ ಎಂಬ ಊರಲ್ಲಿ ಪೊಲೀಸರ ಏಟಿನಿಂದ ಪಾದ್ರಿಯನ್ನು ಕಾಪಾಡಲು ಅಡ್ಡ ಹೋದ ಕತೆರಿನಾ ರೂತಿ ಎಂಬ ಯುವ ತಾಯಿ ಪೆಟ್ಟು ತಿಂದು ಸತ್ತಳು. ಆಕೆಯನ್ನು ಅವರು ಹುತಾತ್ಮಳು ಎಂದು ಪೂಜಿಸುತ್ತಾರೆ.

ಕ್ಯಾಲೆಂಡರಿಗಾಗಿ ಸಾವು! ಇದನ್ನು ಓದುವಾಗಲೆಲ್ಲ ನನಗೆ ಸಂಕಟವಾಗುತ್ತದೆ. ಲೆಕ್ಕದಲ್ಲಿ ನಾನು ಮಿಲಾಂಕೊವಿಚ್ ಪಕ್ಷ. ಅದರಲ್ಲಿ ಅನುಮಾನ ಇಲ್ಲ. ಆದರೆ ಒಂದು ಸರಿಯಾದ ಲೆಕ್ಕವನ್ನು ಜಾರಿ ಮಾಡಲು ಲಾಠಿ ಬೇಕಾಯಿತು ಎಂದರೆ, ಜಾರಿ ಮಾಡಿದವರು ಲೆಕ್ಕ ಬಿಟ್ಟು ಬೇರೇನನ್ನೂ ಯೋಚಿಸಿರಲಿಲ್ಲ ಎಂದೇ ಅರ್ಥ. ನಿಮ್ಮ ಕಾದಂಬರಿಯ ಓದುಗರೂ ಹೀಗೆ ಎರಡು ಕಡೆಗೂ ಎಳೆಯಲ್ಪಡಬೇಕು.

ಏಥೋಸ್ ಬಗ್ಗೆ ಇನ್ನೂ ಸ್ವಲ್ಪ ಹೇಳಬೇಕು. ಅದು ಉತ್ತರ ಗ್ರೀಸಿನ ಒಂದು ಪರ್ಯಾಯ ದ್ವೀಪ. ಇಪ್ಪತ್ತು ದೊಡ್ಡ ಮಠಗಳು. ಹೆಂಗಸರಿಗೆ ಪ್ರವೇಶ ಇಲ್ಲ. ಇವತ್ತಿಗೂ ಅಲ್ಲಿ ನಡೆಯುವುದು ಹಳೇ ಕ್ಯಾಲೆಂಡರೇ. ವಾಟೊಪೆಡಿ ಮಠ ಮಾತ್ರ ಕೆಲವು ದಶಕ ಹೊಸದನ್ನು ಅನುಸರಿಸಿತ್ತು. 1975ರಲ್ಲಿ ಅದೂ ಹಳೆಯದಕ್ಕೆ ವಾಪಸ್ ಬಂತು. ಅಲ್ಲಿ ಬೇರೆಯದು ತಾರೀಖು ಮಾತ್ರವಲ್ಲ, ಗಂಟೆಯೂ ಬೇರೆ. ಸೂರ್ಯ ಮುಳುಗುವ ಹೊತ್ತಿಗೆ ಗಡಿಯಾರ ಹನ್ನೆರಡು ತೋರಿಸಬೇಕು. ದಿನ ಶುರುವಾಗುವುದೇ ಆಗ. ಸೂರ್ಯಾಸ್ತದ ಹೊತ್ತು ವರ್ಷವಿಡೀ ಹಿಂದೆ ಮುಂದೆ ಆಗುತ್ತದಲ್ಲ, ಹಾಗಾಗಿ ಗಡಿಯಾರವನ್ನು ಆಗಾಗ ತಿರುಗಿಸುತ್ತಲೇ ಇರಬೇಕು. ಐವಿರಾನ್ ಮಠದವರು ಮಾತ್ರ ಸೂರ್ಯೋದಯದಿಂದ ಎಣಿಸುವ ಪದ್ಧತಿ ಇಟ್ಟುಕೊಂಡಿದ್ದರು. ಒಂದೇ ಬೆಟ್ಟ, ಒಂದೇ ನಂಬಿಕೆ, ಎರಡು ಗಂಟೆಗಳು. ಸೂರ್ಯೋದಯದಿಂದ ಘಳಿಗೆ ಎಣಿಸುವ ಪಂಚಾಂಗ ಗೊತ್ತಿರುವ ನಮಗೆ ಇದರಲ್ಲಿ ವಿಚಿತ್ರ ಏನೂ ಇಲ್ಲ. ನಿಮ್ಮ ಮಠದ ದಿನ ಯಾವಾಗ ಶುರುವಾಗುತ್ತದೆ ಎಂದು ಮೊದಲು ತೀರ್ಮಾನ ಮಾಡಿ. ಅಷ್ಟು ಮಾಡಿದರೆ ಊಟ, ನಿದ್ದೆ, ಪ್ರಾರ್ಥನೆ, ಕಾವಲು, ಎಲ್ಲದರ ವೇಳಾಪಟ್ಟಿ ತಾನಾಗಿ ಹುಟ್ಟಿಕೊಳ್ಳುತ್ತದೆ. ಓದುಗರು ಆ ವೇಳಾಪಟ್ಟಿಯೊಳಗೆ ಇಪ್ಪತ್ತು ಪುಟ ಬದುಕಿದರೆ ಸಾಕು, ಅದು ಒಡೆದಾಗ ಅವರಿಗೇ ನೋವಾಗುತ್ತದೆ.

ಆಮೇಲೆ ಒಡಕು. ಇದನ್ನು ಕಾದಂಬರಿಕಾರರು ಸಾಮಾನ್ಯವಾಗಿ ಮರೆಯುತ್ತಾರೆ. 1935ರಲ್ಲಿ ಮೂವರು ಬಿಷಪ್ಪರು ಹಳೇ ಪಂಥದ ಕಡೆಗೆ ಬಂದರು. ಚಳವಳಿಗೆ ಬಲ ಬಂತು. ಎರಡೇ ವರ್ಷದಲ್ಲಿ, 1937ರಲ್ಲಿ, ಪಂಥ ಎರಡಾಯಿತು. ಜಗಳ ಹೊಸ ಕ್ಯಾಲೆಂಡರಿನವರ ಜೊತೆ ಅಲ್ಲ, ತಮ್ಮತಮ್ಮಲ್ಲೇ. ಹೊಸ ಕ್ಯಾಲೆಂಡರ್ ಒಪ್ಪಿದ ಚರ್ಚಿನ ದೀಕ್ಷೆ, ಪ್ರಸಾದಗಳಲ್ಲಿ ದೈವಕೃಪೆ ಇನ್ನೂ ಉಳಿದಿದೆಯೋ ಇಲ್ಲವೋ? ಮಾತೆಯೋಸ್ ಎಂಬ ಬಿಷಪ್ "ಇಲ್ಲ, ಪೂರ್ತಿ ಹೋಯಿತು" ಎಂದರು. ಫ್ಲೋರಿನಾದ ಕ್ರಿಸೊಸ್ಟೊಮೋಸ್ ಎಂಬ ಬಿಷಪ್ "ಅಷ್ಟು ದೂರ ಹೋಗಬೇಡಿ, ಅವರು ತಪ್ಪಿದ್ದಾರೆ, ಆದರೆ ಅಂತಿಮ ತೀರ್ಪು ಕೊಡಬೇಕಾದ್ದು ಇಡೀ ಚರ್ಚಿನ ಮಹಾಸಭೆ" ಎಂದರು. ಮೃದುವಾಗಿ ಮಾತಾಡಿದ ಆ ಕ್ರಿಸೊಸ್ಟೊಮೋಸ್‌ರನ್ನೂ ಸರ್ಕಾರ ಬಿಡಲಿಲ್ಲ. 1951ರಲ್ಲಿ ಲೆಸ್ಬೋಸ್ ದ್ವೀಪದ ಮಠಕ್ಕೆ ಗಡೀಪಾರು ಮಾಡಿತು.

ಏಥೋಸ್‌ನಲ್ಲೂ ಹೀಗೇ. ಎಸ್ಫಿಗ್ಮೆನು ಮಠದವರು ಕಪ್ಪು ಬಾವುಟ ಹಾರಿಸಿದ್ದಾರೆ. "ಸನಾತನ ನಂಬಿಕೆ ಅಥವಾ ಸಾವು" ಎಂಬುದು ಅದರ ಮೇಲಿನ ಮಾತು. ಅವರ ಸಿಟ್ಟು ಕಾನ್‌ಸ್ಟಾಂಟಿನೋಪಲ್‌ನ ಪೀಠದ ಮೇಲೆ, ಅದು ರೋಮ್ ಜೊತೆ ಸ್ನೇಹಕ್ಕೆ ಹೋಯಿತು ಎಂದು. ಆ ಪೀಠ 2002ರಲ್ಲಿ ಇವರನ್ನು ಪಂಥ ಒಡೆದವರು ಎಂದು ಘೋಷಿಸಿತು. ಪಕ್ಕದ ಹತ್ತೊಂಬತ್ತು ಮಠಗಳೂ ಇದೇ ಹಳೇ ಕ್ಯಾಲೆಂಡರ್ ಅನುಸರಿಸುತ್ತವೆ ಎಂಬುದು ನೆನಪಿರಲಿ. ಹೊಸ ಕಾಲವನ್ನು ಬೇಡ ಎಂದವರಲ್ಲೇ, ಬೇಡ ಎಂದ ಮೇಲೆ ಮುಂದೇನು ಎಂಬುದಕ್ಕೆ ಹತ್ತು ಉತ್ತರ ಇರುತ್ತವೆ.

ಈಗ ನಮ್ಮ ಕಡೆಯ ಸಂಗತಿ. ನಿಮಗೆ ಇದು ಇನ್ನೂ ಜಾಸ್ತಿ ಉಪಯೋಗಕ್ಕೆ ಬರಬಹುದು, ಯಾಕೆಂದರೆ ನಮ್ಮಲ್ಲಿ ಹಳಬರಿಗೂ ಹೊಸಬರಿಗೂ ನಡುವೆ ಲಾಠಿ ಬರಲಿಲ್ಲ. ದೃಗ್ಗಣಿತ ಪಂಚಾಂಗ, ಸೂರ್ಯಸಿದ್ಧಾಂತ ಪಂಚಾಂಗ, ತಮಿಳರ ಕಡೆ ವಾಕ್ಯ ಪಂಚಾಂಗ, ಈ ಹೆಸರುಗಳನ್ನು ಕೇಳಿರುತ್ತೀರಿ. ಒಂದು ಪಂಚಾಂಗದಲ್ಲಿ ಏಕಾದಶಿ ಇವತ್ತು, ಇನ್ನೊಂದರಲ್ಲಿ ನಾಳೆ. (ಸ್ಮಾರ್ತ, ವೈಷ್ಣವ ಏಕಾದಶಿಗಳ ವ್ಯತ್ಯಾಸ ಬೇರೆ, ಅದು ವ್ರತದ ನಿಯಮದಿಂದ ಬರುವುದು. ಇಲ್ಲಿ ಹೇಳುತ್ತಿರುವುದು ತಿಥಿಯ ಲೆಕ್ಕವೇ ಬೇರೆಯಾಗುವುದನ್ನು.) ದೃಕ್ ಅಂದರೆ ಆಕಾಶದಲ್ಲಿ ಕಣ್ಣಿಗೆ ಕಾಣುವುದಕ್ಕೆ ಹೊಂದುವ ಲೆಕ್ಕ. ಅದರಲ್ಲಿ ಚಂದ್ರನ ಚಲನೆಯ ಸಣ್ಣಪುಟ್ಟ ಏರಿಳಿತವೂ ಸೇರುತ್ತದೆ. ಸೂರ್ಯಸಿದ್ಧಾಂತ, ವಾಕ್ಯದಂಥ ಹಳೇ ಲೆಕ್ಕದಲ್ಲಿ ಅವೆಲ್ಲ ಸೇರಿಲ್ಲ.

ಹಳೇ ಪಕ್ಷದವರ ಒಂದು ಒಳ್ಳೇ ವಾದ ಕೇಳಿ. ತಿಥಿಯ ಸರಾಸರಿ ಅಳತೆ 60 ಘಳಿಗೆಗೆ ಹತ್ತಿರ (ಒಂದು ಘಳಿಗೆ ಅಂದರೆ 24 ನಿಮಿಷ). ಅದು ಎಷ್ಟು ಬೆಳೆಯಬಹುದು, ಎಷ್ಟು ಕುಗ್ಗಬಹುದು? ಹಳೇ ಸೂತ್ರ "ಬಾಣವೃದ್ಧಿ ರಸಕ್ಷಯ". ಬಾಣ ಅಂದರೆ ಐದು, ರಸ ಅಂದರೆ ಆರು. ಐದು ಘಳಿಗೆ ಬೆಳೆಯಬಹುದು, ಆರು ಘಳಿಗೆ ಕುಗ್ಗಬಹುದು. ಅಂದರೆ 65ರಿಂದ 54 ಘಳಿಗೆಯ ಒಳಗೆ. ದೃಗ್ಗಣಿತದಲ್ಲಿ ಇದು "ಸಪ್ತವೃದ್ಧಿ ದಶಕ್ಷಯ" ಆಗುತ್ತದೆ, 67ರಿಂದ 50 ಘಳಿಗೆಯವರೆಗೆ. ನಮ್ಮ ಗಂಟೆಯಲ್ಲಿ ಸುಮಾರು 26 ಗಂಟೆ 48 ನಿಮಿಷದಿಂದ 20 ಗಂಟೆ. ಆಕಾಶದಲ್ಲಿ ನಿಜವಾಗಿ ಆಗುವುದು ಇದೇ. ಆದರೆ ಶ್ರಾದ್ಧ ಯಾವ ದಿನ, ಉಪವಾಸ ಯಾವ ದಿನ, ಪಾರಣೆ ಯಾವ ಹೊತ್ತಿಗೆ ಎಂದು ಹೇಳುವ ಧರ್ಮಶಾಸ್ತ್ರದ ನಿಯಮಗಳನ್ನು ಬರೆದವರು ಹಳೇ ಮಿತಿಯನ್ನು ಮನಸ್ಸಿನಲ್ಲಿಟ್ಟುಕೊಂಡು ಬರೆದರು ಎಂಬುದು ಸಂಪ್ರದಾಯಸ್ಥರ ಮಾತು. ಮಿತಿ ದಾಟಿದ ತಿಥಿಗೆ ಆ ನಿಯಮ ಹೊಂದುವುದಿಲ್ಲ. ಗ್ರೀಸಿನಲ್ಲಿ ಮಾಯವಾದ ಉಪವಾಸಕ್ಕೂ ಇದಕ್ಕೂ ಎಷ್ಟು ಹೋಲಿಕೆ ಇದೆ, ಅಲ್ವಾ? ಎರಡೂ ಕಡೆ ಹೇಳುತ್ತಿರುವುದು ಒಂದೇ. ಅಳತೆಯನ್ನು ಬದಲಿಸಿದಿರಿ, ಅಳತೆಯ ಮೇಲೆ ಕಟ್ಟಿದ ಮನೆಯನ್ನು ಯಾರು ರಿಪೇರಿ ಮಾಡುತ್ತಾರೆ?

ಹೊಸಬರ ಪಕ್ಷವೂ ನಮ್ಮಲ್ಲಿ ಪರಂಪರೆಯ ಒಳಗಿಂದಲೇ ಬಂತು. ಕೇರಳದ ಪರಮೇಶ್ವರ ದಶಕಗಳ ಕಾಲ ಗ್ರಹಣಗಳನ್ನು ಕಣ್ಣಾರೆ ನೋಡಿ, ಹಳೇ ಪರಹಿತ ಲೆಕ್ಕ ಆಕಾಶಕ್ಕೆ ಹೊಂದುತ್ತಿಲ್ಲ ಎಂದು ಕಂಡುಕೊಂಡು, 1431ರ ಸುಮಾರಿಗೆ ದೃಗ್ಗಣಿತ ಪದ್ಧತಿ ತಂದರು. ಅಲ್ಲಿನವರು ಮಾಡಿದ ಹೊಂದಾಣಿಕೆ ಬಹಳ ಜಾಣತನದ್ದು. ಜಾತಕಕ್ಕೆ, ಗ್ರಹಣಕ್ಕೆ ಹೊಸ ದೃಕ್ ಲೆಕ್ಕ. ಮುಹೂರ್ತಕ್ಕೆ ಹಳೇ ಪರಹಿತ ಲೆಕ್ಕ. ಎರಡೂ ಬದುಕಿದವು. ಈಗಲೂ ಹಳೇ ಪದ್ಧತಿಯ ಅನೇಕ ಪಂಚಾಂಗಗಳು ಗ್ರಹಣದ ಸಮಯವನ್ನು ಮಾತ್ರ ದೃಕ್ ಲೆಕ್ಕದಿಂದ ತೆಗೆದುಕೊಳ್ಳುತ್ತವೆ. ಯಾಕೆ ಎಂದರೆ, ತಿಥಿ ಯಾರ ಕಣ್ಣಿಗೂ ಕಾಣುವುದಿಲ್ಲ. ಗ್ರಹಣ ಎಲ್ಲರಿಗೂ ಕಾಣುತ್ತದೆ. ಇದನ್ನು ನಿಮ್ಮ ಕಾದಂಬರಿಗೆ ಖಂಡಿತ ತೆಗೆದುಕೊಳ್ಳಿ. ನಿಮ್ಮ ಮಠವೂ ಯಾವುದೋ ಒಂದು ವಿಷಯಕ್ಕೆ ಗುಟ್ಟಾಗಿ ಹೊಸ ವಿದ್ಯೆಯನ್ನೇ ಬಳಸುತ್ತಿರಲಿ. ಯಾವ ವಿಷಯಕ್ಕೆ, ಯಾಕೆ ಎಂಬುದು ಮಠದ ಹಿರಿಯರಿಗೆ ಗೊತ್ತಿರಲಿ.

ನಮ್ಮ ಬಾಗಲಕೋಟೆಯಲ್ಲಿ ಮೇಷ್ಟ್ರಾಗಿದ್ದ ವೆಂಕಟೇಶ ಬಾಪೂಜಿ ಕೇತಕರ ಅವರನ್ನೂ ಇಲ್ಲಿ ನೆನೆಯಬೇಕು. ಹತ್ತೊಂಬತ್ತನೇ ಶತಮಾನದ ಕೊನೆಯಲ್ಲಿ ಅವರು ಯುರೋಪಿನ ಖಗೋಳ ಗಣಿತವನ್ನು ಅರಗಿಸಿಕೊಂಡು, ಪಂಚಾಂಗ ಮಾಡುವವರಿಗೆ ಬಳಕೆಯಾಗುವ ಹಾಗೆ ಸಂಸ್ಕೃತದಲ್ಲಿ ಜ್ಯೋತಿರ್ಗಣಿತ ಬರೆದರು. ಹೊಸ ಲೆಕ್ಕವನ್ನು ಹಳೇ ವಿದ್ಯೆಯ ಮಾತಿನಲ್ಲೇ ಹೇಳಿದರು. ಇಂಥವರ ಮೇಲೆ ಸಂಪ್ರದಾಯಸ್ಥರಿಗೆ ಸಿಟ್ಟು ಮಾಡಿಕೊಳ್ಳುವುದು ಕಷ್ಟ, ಯಾಕೆಂದರೆ ಅವರು ತಮ್ಮವರೇ. ನಿಮ್ಮ ಕಥೆಯಲ್ಲಿ ಹೊಸ ವಿದ್ಯೆ ತಂದವರೆಲ್ಲ ಹೊರಗಿನವರೇ ಆಗಿದ್ದರೆ, ಒಬ್ಬರನ್ನಾದರೂ ಮಠದಲ್ಲೇ ಓದಿ ಬೆಳೆದವರನ್ನಾಗಿ ಮಾಡಿ.

ಸ್ವಾತಂತ್ರ್ಯ ಬಂದ ಮೇಲೆ ಭಾರತ ಸರ್ಕಾರ ಮೇಘನಾದ ಸಹಾ ಅವರ ಅಧ್ಯಕ್ಷತೆಯಲ್ಲಿ 1952ರಲ್ಲಿ ಕ್ಯಾಲೆಂಡರ್ ಸುಧಾರಣಾ ಸಮಿತಿ ಮಾಡಿತು. ಆಗ ದೇಶದಲ್ಲಿ ಸುಮಾರು 30 ಬಗೆಯ ಕ್ಯಾಲೆಂಡರುಗಳು ಬಳಕೆಯಲ್ಲಿದ್ದವು. ಸೂರ್ಯಸಿದ್ಧಾಂತದ ವರ್ಷ ಋತುಗಳ ವರ್ಷಕ್ಕಿಂತ ಸುಮಾರು 24 ನಿಮಿಷ ದೊಡ್ಡದು. ಹದಿನಾಲ್ಕು ಶತಮಾನದಲ್ಲಿ ಅದು 23 ದಿನ ಆಗಿಹೋಗಿತ್ತು. ಸೂರ್ಯ ಉತ್ತರಕ್ಕೆ ತಿರುಗುವುದು ಡಿಸೆಂಬರ್ 22ರ ಹೊತ್ತಿಗೆ, ನಾವು ಎಳ್ಳು ಬೀರುವುದು ಜನವರಿ 14 ಅಥವಾ 15ಕ್ಕೆ. ವಿಜ್ಞಾನಿಯಾದ ಸಹಾ ಅವರಿಗೆ ಇದು ತಪ್ಪು ಎಂದು ಸ್ಪಷ್ಟವಾಗಿತ್ತು. ಆದರೂ ಸಮಿತಿ ಹಬ್ಬಗಳನ್ನು 23 ದಿನ ಹಿಂದಕ್ಕೆ ಎಳೆಯಲಿಲ್ಲ. ಇದ್ದಲ್ಲೇ ನಿಲ್ಲಿಸಿ, ಮುಂದೆ ಇನ್ನಷ್ಟು ಜಾರದ ಹಾಗೆ ಮಾಡುವ ಸಲಹೆ ಕೊಟ್ಟಿತು. 1957ರ ಮಾರ್ಚ್ 22ರಂದು ರಾಷ್ಟ್ರೀಯ ಶಕ ಪಂಚಾಂಗ ಜಾರಿಗೆ ಬಂತು. ಗೆಜೆಟ್ಟಿನಲ್ಲಿದೆ, ಆಕಾಶವಾಣಿಯಲ್ಲಿ ಕೇಳಿದ್ದೇವೆ. ಮನೆಯಲ್ಲಿ ಯಾರೂ ಬಳಸುವುದಿಲ್ಲ. ನಮ್ಮ ಜನ ಹೊಸ ಕಾಲದ ವಿರುದ್ಧ ಬಾವುಟ ಹಾರಿಸಲಿಲ್ಲ. ಸುಮ್ಮನೆ ಪಕ್ಕಕ್ಕಿಟ್ಟರು. ಇದೂ ಒಂದು ಬಗೆಯ ವಿರೋಧವೇ, ಬಹುಶಃ ಎಲ್ಲಕ್ಕಿಂತ ಬಲವಾದದ್ದು.

ಇಂಗ್ಲೆಂಡಿನ ಕಥೆಯ ಬಗ್ಗೆ ಒಂದು ಎಚ್ಚರಿಕೆ. 1752ರಲ್ಲಿ ಅಲ್ಲಿ ಸೆಪ್ಟೆಂಬರ್ 2ರ ಮಾರನೇ ದಿನ 14 ಆಯಿತು. "ನಮ್ಮ ಹನ್ನೊಂದು ದಿನ ವಾಪಸ್ ಕೊಡಿ" ಎಂದು ಜನ ದಂಗೆ ಎದ್ದರು ಎಂದು ಎಲ್ಲೆಲ್ಲೂ ಬರೆಯುತ್ತಾರೆ. ಅಂಥ ದಂಗೆಗೆ ಗಟ್ಟಿ ಆಧಾರ ಇಲ್ಲ. ಆ ಘೋಷಣೆ ವಿಲಿಯಂ ಹೊಗಾರ್ತ್‌ನ ಒಂದು ವ್ಯಂಗ್ಯಚಿತ್ರದಿಂದ ಹಬ್ಬಿದ್ದು. ದಯವಿಟ್ಟು ಆ ದೃಶ್ಯವನ್ನು ನಿಮ್ಮ ಕಾದಂಬರಿಗೆ ತರಬೇಡಿ. ಅದಕ್ಕಿಂತ ಸ್ಕಾಟ್ಲೆಂಡಿನ ಶೆಟ್ಲೆಂಡ್ ಕಡೆಯ ಫೌಲಾ ಎಂಬ ಪುಟ್ಟ ದ್ವೀಪ ಚೆನ್ನಾಗಿದೆ. ಅಲ್ಲಿನವರು ಇಂದಿಗೂ ಹಳೇ ಲೆಕ್ಕದಂತೆ ಕ್ರಿಸ್ಮಸ್ ಹಬ್ಬವನ್ನು ಜನವರಿ 6ಕ್ಕೆ, ಹೊಸ ವರ್ಷವನ್ನು 13ಕ್ಕೆ ಮಾಡುತ್ತಾರೆ.

ಹೊಟ್ಟೆಪಾಡಿನ ವಿರೋಧಕ್ಕೆ ಮುಂಬೈ ನೋಡಿ. 1906ರ ಜನವರಿಯಲ್ಲಿ ಇಡೀ ದೇಶಕ್ಕೆ ಒಂದೇ ಗಂಟೆ ಬಂತು. ಮುಂಬೈಯ ಸ್ಥಳೀಯ ಗಂಟೆಗಿಂತ ಅದು 39 ನಿಮಿಷ ಮುಂದೆ. ಗಿರಣಿ ಕಾರ್ಮಿಕರು ಬೆಳಗಾಗುವ ಮೊದಲೇ ಇನ್ನೂ 39 ನಿಮಿಷ ಬೇಗ ಏಳಬೇಕು. ಅವರು ಕೆಲಸ ಬಿಟ್ಟು ಪ್ರತಿಭಟಿಸಿದರು. ಊರಿನ ಹಳೇ ಗಂಟೆ 1955ರವರೆಗೂ ಅಲ್ಲಲ್ಲಿ ಉಳಿದಿತ್ತು. ನಿಮ್ಮ ಮಠದ ಸುತ್ತ ದುಡಿಯುವ ಜನ ಇದ್ದರೆ, ಅವರು ಮಠದ ಜೊತೆ ನಿಲ್ಲಲು ಕಾರಣ ಶಾಸ್ತ್ರ ಆಗಿರಬೇಕಿಲ್ಲ.

ಕಾದಂಬರಿ ವೈಜ್ಞಾನಿಕ ಎಂದಿರಿ. ಹಾಗಾದರೆ ಇನ್ನೊಂದು ದಾರಿಯೂ ಇದೆ, ನಿಮ್ಮ ಸಂಪ್ರದಾಯಸ್ಥರು ವಿಜ್ಞಾನಿಗಳೇ ಆಗಿರಬಹುದು. ಭೂಮಿಯ ತಿರುಗಾಟ ಪರಮಾಣು ಗಡಿಯಾರದಷ್ಟು ಸಮ ಅಲ್ಲ. ಎರಡನ್ನೂ ಹೊಂದಿಸಲು 1972ರಿಂದ ಆಗಾಗ ಒಂದು ಸೆಕೆಂಡ್ ಸೇರಿಸುತ್ತಾ ಬಂದಿದ್ದಾರೆ, ಒಟ್ಟು 27 ಸಲ. ಕೊನೆಯದು ನಮ್ಮ ದೇಶದಲ್ಲಿ 2017ರ ಜನವರಿ 1ರ ಬೆಳಗ್ಗೆ 5 ಗಂಟೆ 29 ನಿಮಿಷ 60ನೇ ಸೆಕೆಂಡ್ ಆಗಿ ಬಂತು. ಕಂಪ್ಯೂಟರ್ ಜಾಲಗಳಿಗೆ ಇದು ತಲೆನೋವು. ಗೂಗಲ್ ಆ ಒಂದು ಸೆಕೆಂಡನ್ನು ಇಡೀ ದಿನದ ಮೇಲೆ ತೆಳ್ಳಗೆ ಸವರುವ ಉಪಾಯ ಮಾಡಿತು. ಅಂದರೆ ಆ ದಿನ ಅವರ ಪ್ರತಿ ಸೆಕೆಂಡೂ ನಮ್ಮ ಸೆಕೆಂಡಿಗಿಂತ ಒಂದಿಷ್ಟು ಉದ್ದ. ನೀವು ಕಲ್ಪಿಸಿದ ಕಾಲ ಹಿಗ್ಗಿಸುವ ವಿದ್ಯೆಗೆ ಇದಕ್ಕಿಂತ ಹತ್ತಿರದ್ದು ಸಿಗಲಾರದು. 2035ರ ಒಳಗೆ ಈ ಪದ್ಧತಿಯನ್ನು ಸಡಿಲಿಸಬೇಕು ಎಂದು 2022ರಲ್ಲಿ ಅಂತರರಾಷ್ಟ್ರೀಯ ತೂಕ ಅಳತೆ ಸಮ್ಮೇಳನ ತೀರ್ಮಾನಿಸಿತು. ಬ್ರಿಟನ್ ಬಹುಕಾಲ ಇದಕ್ಕೆ ವಿರುದ್ಧ ಇತ್ತು. ಗಡಿಯಾರ ಸೂರ್ಯನಿಂದ ಬಿಡಿಸಿಕೊಂಡು ಹೋಗಬಾರದು ಎಂದು ವಾದಿಸಿದವರಲ್ಲಿ ಖಗೋಳ ವಿಜ್ಞಾನಿಗಳೂ ಇದ್ದರು.

ನಾನಾಗಿದ್ದರೆ ನಿಮ್ಮ ಮಠವನ್ನು ಹೀಗೆ ಕಟ್ಟುತ್ತಿದ್ದೆ. ಮಠದಲ್ಲಿ ಒಬ್ಬ ದೊಡ್ಡ ಗಣಿತಜ್ಞೆ ಇರಲಿ. ಹೊಸ ವಿದ್ಯೆಯ ಲೆಕ್ಕ ಸರಿ ಎಂದು ಎಲ್ಲರಿಗಿಂತ ಮೊದಲು ಕಂಡುಕೊಂಡವಳು ಅವಳೇ ಆಗಿರಲಿ. ಆದರೂ ಅವಳು ವಿರೋಧಿಸಲಿ, ಯಾಕೆಂದರೆ ಆ ವಿದ್ಯೆಯಿಂದ ಮಾಯವಾಗುವ ಒಂದು ನಿರ್ದಿಷ್ಟ ದಿನ ಅವಳಿಗೆ ಕಾಣುತ್ತಿದೆ. ಆ ದಿನ ಯಾವುದು, ಅಂದು ಜನ ಏನು ಮಾಡುತ್ತಿದ್ದರು, ಯಾರನ್ನು ನೆನೆಯುತ್ತಿದ್ದರು ಎಂದು ಮೊದಲೇ ತೋರಿಸಿಬಿಡಿ. ಮಠ ಕೇಳುವುದು "ನಿಲ್ಲಿಸಿ" ಎಂದಲ್ಲ, "ಎಲ್ಲರೂ ಕೂತು ತೀರ್ಮಾನಿಸೋಣ" ಎಂದು. ಅಧಿಕಾರದಲ್ಲಿರುವವರಿಗೆ ಅಷ್ಟು ತಾಳ್ಮೆ ಇಲ್ಲ. ಅಲ್ಲಿಂದ ಕಥೆ ತಾನೇ ಓಡುತ್ತದೆ. ಆಮೇಲೆ ಮಠ ಒಡೆಯಲಿ. ಹೊಸ ಕಾಲ ಒಪ್ಪಿದವರ ಮನೆಯಲ್ಲಿ ನೀರು ಕುಡಿಯಬಹುದೋ ಬಾರದೋ ಎಂಬಂಥ ಪ್ರಶ್ನೆಗೆ ಒಡೆಯಲಿ. ಎರಡೂ ಕಡೆಯವರು ಅವಳ ಶಿಷ್ಯರೇ ಆಗಿರಲಿ.

ಇನ್ನೊಂದು ಲೆಕ್ಕ ಕೊಡುತ್ತೇನೆ, ಬೇಕಾದರೆ ಬಳಸಿಕೊಳ್ಳಿ. ಹಳೇ ಮತ್ತು ಹೊಸ ಕ್ಯಾಲೆಂಡರಿನ ಅಂತರ ಈಗ ಹದಿಮೂರು ದಿನ. 2100ರ ಮಾರ್ಚ್‌ನಿಂದ ಅದು ಹದಿನಾಲ್ಕು ಆಗುತ್ತದೆ. ಏಥೋಸ್‌ನವರ ಕ್ರಿಸ್ಮಸ್ ಆಗ ಜನವರಿ 7ರಿಂದ 8ಕ್ಕೆ ಸರಿಯುತ್ತದೆ. ನಿಮ್ಮ ಕಥೆ ಆ ಶತಮಾನದ್ದಾದರೆ, ಮಠದವರು ಏನೂ ಮಾಡದೆ ಕೂತಿದ್ದರೂ ಲೋಕದಿಂದ ಇನ್ನೊಂದು ದಿನ ದೂರ ಹೋಗುತ್ತಾರೆ. ಆ ದಿನದ ಬಗ್ಗೆ ಒಂದು ಅಧ್ಯಾಯ ಬರೆದು ಕಳಿಸಿ, ತಾರೀಖುಗಳನ್ನು ನಾನು ನೋಡಿಕೊಡುತ್ತೇನೆ.